ಗೌರವ ಕಾಪಿ

ಏಕಾಂತಯ್ಯ ಆ ಬೆಳಿಗ್ಗೆ ‘ಪುಸ್ತಕ’ ಎಂದಿದ್ದರೆ ಸಾಕಿತ್ತು, ಈ ಕತೆಯೇ ಇರುತ್ತಿರಲಿಲ್ಲ. ‘ಪ್ರತಿ’ ಎಂದಿದ್ದರೂ ನಡೆಯುತ್ತಿತ್ತು. ಆದರೆ ಅದು ಮೂವತ್ತು ವರ್ಷ ವಿಶ್ವವಿದ್ಯಾನಿಲಯದ ಗ್ರಂಥಾಲಯದಲ್ಲಿ ದುಡಿದ ನಾಲಿಗೆ. ಅಲ್ಲಿ ಪುಸ್ತಕವನ್ನು ಪುಸ್ತಕ ಅನ್ನುವ ವಾಡಿಕೆ ಇಲ್ಲ. ಎರಡು ಕಾಪಿ ಒಳಗಿದೆ, ಒಂದು ಕಾಪಿ ಹೊರಗೆ ಹೋಗಿದೆ, ಇನ್ನೊಂದು ಕಾಪಿ ಪ್ರೊಫೆಸರರ ಮನೆ ಸೇರಿ ಮರಳಿ ಬಂದಿಲ್ಲ, ಹೀಗೇ ಮಾತು. ಅವರ ಊರು ಪಾಳ್ಯದಲ್ಲಿ ಹಾಗಲ್ಲ. ಇಲ್ಲಿ ಕಾಪಿ ಅಂದರೆ ಗಿಡದಲ್ಲಿ ಬಿಡುವುದು, ಲೋಟದಲ್ಲಿ ಕುಡಿಯುವುದು. ಓದಿದವರು ಅದನ್ನೇ ಸ್ವಲ್ಪ ಗಾಳಿ ಸೇರಿಸಿ ಕಾಫಿ ಅನ್ನುತ್ತಾರೆ, ಅಷ್ಟೇ ವ್ಯತ್ಯಾಸ.

ಅದೂ ಎಂಥ ಕಾಲದಲ್ಲಿ ಅಂದರು ನೋಡಿ. ತೊಂಬತ್ತರ ದಶಕ ಆಗಷ್ಟೇ ಶುರುವಾಗಿತ್ತು. ಬೆಳೆದವನು ತನ್ನ ಕಾಫಿಯನ್ನು ತನಗಿಷ್ಟ ಬಂದವರಿಗೆ ಮಾರುವ ಹಾಗಿರಲಿಲ್ಲ. ಮನೆಖರ್ಚಿಗೆ ಬೇಕಾದಷ್ಟು ಇಟ್ಟುಕೊಂಡು ಉಳಿದದ್ದನ್ನೆಲ್ಲ ಸರ್ಕಾರದ ಪೂಲಿಗೆ, ಅಂದರೆ ಕಾಫಿ ಬೋರ್ಡಿನ ಒಟ್ಟು ದಾಸ್ತಾನಿಗೆ ಹಾಕಬೇಕು. ಪರ್ಮಿಟ್ಟಿಲ್ಲದೆ ಒಂದು ಮೂಟೆ ರಸ್ತೆಗಿಳಿದರೂ ಕಳ್ಳಸಾಗಣೆ ಹಿಡಿಯುವ ಸ್ಕ್ವಾಡಿನವರು ಜೀಪು ಅಡ್ಡ ಹಾಕುತ್ತಿದ್ದರು. ಹಾಗಂತ ಯಾರೂ ಇಳಿಸುತ್ತಿರಲಿಲ್ಲವೇ ಎಂದು ನನ್ನನ್ನು ಕೇಳಬೇಡಿ. ಶಿರಾಡಿ ಘಾಟಿಯ ತಿರುವುಗಳಿಗೆ ಬಾಯಿಲ್ಲ, ಸದ್ಯ.

ಏಕಾಂತಯ್ಯನವರಿಗೆ ತೋಟವಿಲ್ಲ. ಇದ್ದದ್ದು ಒಂದು ಹೆಂಚಿನ ಮನೆ, ದೇವೀರಮ್ಮ ಎಂಬ ಹೆಂಡತಿ ಮತ್ತು ಎದೆಯೊಳಗೆ ಒಂದು ಹಳೇ ನೋವು. ನೋವು ಏನೆಂದರೆ, ಅವರಿಗೆ ಗ್ರಂಥಾಲಯದಲ್ಲಿ ಕೆಲಸ ಸಿಕ್ಕಿದ ದಿನವೇ ಊರವರು ಅದನ್ನು ಗ್ರಂದಿಗೆ ಅಂಗಡಿ ಎಂದು ಕೇಳಿಸಿಕೊಂಡುಬಿಟ್ಟಿದ್ದರು. ಗ್ರಂದಿಗೆ ಅಂಗಡಿ ಗೊತ್ತಲ್ಲ, ಅರಿಶಿನ, ಕುಂಕುಮ, ಊದುಬತ್ತಿ ಮಾರುವ ಜಾಗ. ರಜೆಗೆ ಊರಿಗೆ ಬಂದಾಗಲೆಲ್ಲ ಒಬ್ಬರಲ್ಲ ಒಬ್ಬರು, ಕರ್ಪೂರ ತಂದ್ರಾ, ಎಂದು ಕೇಳುವವರೇ. ಮೊದಮೊದಲು ಅವರು ತಿದ್ದಿದರು. ಅಲ್ಲ ಕಣ್ರಪ್ಪ, ಪುಸ್ತಕ ಇಡೋ ಜಾಗ, ಎಂದರು. ಆಮೇಲೆ ತಿದ್ದಿ ತಿದ್ದಿ ಸುಸ್ತಾಗಿ, ಬರುವಾಗ ಕರ್ಪೂರವನ್ನೇ ಕೊಂಡು ತರತೊಡಗಿದರು. ಅಲ್ಲಿಗೆ ಊರಿಗೆ ಖಾತ್ರಿಯಾಯಿತು.

ನಿವೃತ್ತರಾಗಿ ಬಂದ ಮೇಲೂ ಅವರು ಗ್ರಂದಿಗೆ ಅಂಗಡಿ ಏಕಾಂತಯ್ಯನೇ. ಸಾಯುವುದರೊಳಗೆ ಒಂದು ದಿನವಾದರೂ ಈ ಊರಿನ ಎದುರು ಪುಸ್ತಕದ ಮನುಷ್ಯನಾಗಿ ನಿಲ್ಲಬೇಕು ಎಂಬುದೊಂದೇ ಅವರ ಆಸೆ. ಅದಕ್ಕಾಗಿ ಆರು ವರ್ಷ ಕೂತು ‘ನಮ್ಮ ವಿದ್ಯಾನಿಲಯದ ಗ್ರಂಥಭಂಡಾರ: ಉಗಮ ಮತ್ತು ವಿಕಾಸ’ ಎಂಬ ಗ್ರಂಥ ಬರೆದರು. ಹಳೇ ಕುದುರೆ ಲಾಯದಲ್ಲಿ ಎರಡು ಬೀರು ಇಟ್ಟುಕೊಂಡು ಶುರುವಾದ ಗ್ರಂಥಾಲಯ ದೊಡ್ಡದಾದ ಬಗೆ, ವಿದ್ಯಾನಿಲಯದ ಪುಸ್ತಕ ಅಚ್ಚು ಹಾಕುವ ವಿಭಾಗವಾದ ಪ್ರಸಾರಾಂಗ ಹುಟ್ಟಿದ ಬಗೆ, ಎಲ್ಲ ಅದರಲ್ಲಿತ್ತು. ಆ ಪ್ರಸಾರಾಂಗದವರೇ ಅದನ್ನು ಅಚ್ಚು ಹಾಕಿದರು. ಅವರ ಪುಸ್ತಕಗಳಿಗೆ ಮೂರು ಗುಣ: ಅಗ್ಗ, ಗಟ್ಟಿ, ಎಲ್ಲೂ ಸಿಗುವುದಿಲ್ಲ. ಕಾಗದದ ಅಭಾವವೆಂದು ಇನ್ನೂರೇ ಪ್ರತಿ ಹಾಕಿ, ಅಷ್ಟನ್ನೂ ಪ್ರೆಸ್ಸಿನಿಂದ ನೇರವಾಗಿ ಪಾಳ್ಯಕ್ಕೆ ಕಳಿಸಿದರು.

ಕಳಿಸಲು ಕಾರಣವಿತ್ತು. ವಿಶ್ವವಿದ್ಯಾನಿಲಯದ ಕುಲಪತಿಗಳು ಮಂಗಳೂರಿಗೆ ಹೋಗುವ ದಾರಿಯಲ್ಲಿ ಸಕಲೇಶಪುರದಲ್ಲಿ ಇಳಿದು ಪುಸ್ತಕ ಬಿಡುಗಡೆ ಮಾಡಲು ಒಪ್ಪಿದ್ದರು. ಅವರ ಅವಧಿ ಆ ವಾರಕ್ಕೆ ಮುಗಿಯುತ್ತಿತ್ತು. ಮುಂದೆ ಬರುವವರಿಗೆ ಕುದುರೆ ಲಾಯದಲ್ಲಿ ಆಸಕ್ತಿ ಇರುತ್ತದೆಂದು ಹೇಳುವವರು ಯಾರು? ಆದರೆ ಇವತ್ತು, ಇಲ್ಲವಾದರೆ ಇಲ್ಲ.

ಬೆಳಿಗ್ಗೆ ಬಸ್ಸಿನ ಮೇಲಿಂದ ಪೆಟ್ಟಿಗೆ ಇಳಿಸುವಾಗ ಕಂಡಕ್ಟರು ಹಗ್ಗ ಬಿಟ್ಟುಬಿಟ್ಟ. ಮರದ ಪೆಟ್ಟಿಗೆ ಪಾಳ್ಯದ ರಸ್ತೆಯ ಮೇಲೆ ಕುಂಬಳಕಾಯಿಯ ಹಾಗೆ ಒಡೆದು ಬಿತ್ತು. ಪಕ್ಕದ ಮನೆಯ ಲಿಂಗಪ್ಪ ಅಲ್ಲೇ ಇದ್ದವನು ಓಡಿಬಂದ. ಲಿಂಗಪ್ಪನಿಗೆ ಊರಾಚೆ ಸಣ್ಣದೊಂದು ಕಾಫಿ ತೋಟ, ಮನೆ ಮುಂದೆ ಒಂದು ಹಳೇ ಜೀಪು. ಯಾರ ಕಷ್ಟಕ್ಕೂ ಅಷ್ಟು ಸುಲಭಕ್ಕೆ ಕೈ ನೀಡುವ ಆಳಲ್ಲ. ಆದರೆ ಆ ದಿನ ತನ್ನ ಸ್ಟೋರಿನಿಂದ ಮೂರು ಗೋಣಿಚೀಲ ತಂದ, ಪುಸ್ತಕ ತುಂಬಿದ, ಮೂಲೆ ಮುರಿಯಬಾರದೆಂದು ಸುತ್ತ ಭತ್ತದ ಹೊಟ್ಟು ಸುರಿದು ಗುಂಡಗೆ ಮಾಡಿದ, ಬಾಯಿ ಹೊಲಿದ.

“ನಾನೇ ಜೀಪಲ್ಲಿ ಬಿಡ್ತೀನಿ ಏಕಾಂತಯ್ಯೋರೆ, ಬಸ್ಸಿನ್ ಸಹವಾಸ ಬ್ಯಾಡ,” ಎಂದ. “ನಂಗೂ ಮಾರನಹಳ್ಳಿ ಅಕ್ಕನ ಮನೆಗೆ ಮೂರು ಮೂಟೆ ರಾಗಿ ಹಾಕದೈತೆ. ನಿಮ್ಮನ್ನ ಸಕಲೇಶಪುರದಾಗೆ ಇಳಿಸಿ ಹಂಗೇ ಮುಂದಕ್ಕೋಯ್ತೀನಿ.”

ಏಕಾಂತಯ್ಯನವರ ಕಣ್ಣು ತುಂಬಿತು. ಇಷ್ಟು ವರ್ಷ ಈ ಮನುಷ್ಯನನ್ನು ತಪ್ಪು ತಿಳಿದಿದ್ದೆನಲ್ಲ ಎಂದು ತಮ್ಮನ್ನೇ ಬೈದುಕೊಂಡರು.

ಮೂಟೆಗಳನ್ನು ಜಗಲಿಗೆ ಒರಗಿಸಿ ಬೆವರು ಒರೆಸಿಕೊಳ್ಳುವಷ್ಟರಲ್ಲಿ ಲಿಂಗಪ್ಪನ ಹೆಂಡತಿ ಗಂಗಾಮಣಿ ಬೇಲಿಯಾಚೆ ಕಾಣಿಸಿಕೊಂಡಳು. ಪಾಳ್ಯದ ಸುದ್ದಿಯೆಲ್ಲ ಮೊದಲು ಅವಳ ಅಂಗಳಕ್ಕೆ ಬಂದು, ಅಲ್ಲಿಂದ ರಿಪೇರಿಯಾಗಿ ಊರಿಗೆ ಹೋಗುತ್ತಿತ್ತು.

“ಏನ್ ಏಕಾಂತಣ್ಣ, ಮೂಟೆ ಬಂದಂಗೈತೆ?”

ಏಕಾಂತಯ್ಯ ಹೆಮ್ಮೆಯಿಂದ ನಕ್ಕರು. “ಕಾಪಿ ಕಣಮ್ಮ. ನನ್ ಕಾಪಿ. ಇವತ್ತು ಬಂತು.”

ಗಂಗಾಮಣಿ ಬೇಲಿಗೆ ಇನ್ನಷ್ಟು ಹತ್ತಿರ ಬಂದಳು. ತೋಟವಿಲ್ಲದವನಿಗೆ ಕಾಪಿ ಎಲ್ಲಿಂದ ಬಂತು ಎಂದು ಕೇಳಿದಳು. ಆರು ವರ್ಷದ ಶ್ರಮ ಅಮ್ಮ, ಎಂದರು ಇವರು. ಆರು ವರ್ಷದ ಕಾಪಿಯಾದರೆ ಹುಳ ಬಿದ್ದಿರುವುದಿಲ್ಲವೇ ಎಂದಳು ಅವಳು. ಗ್ರಂಥಾಲಯದ ಯಾರಿಗೇ ಆಗಲಿ ಹುಳದ ಮಾತು ಬಂದರೆ ಉತ್ಸಾಹ ಬರುತ್ತದೆ. ಏಕಾಂತಯ್ಯ ಬೇಲಿಗೆ ಕೈ ಊರಿ, ಹುಳ ಬೀಳದ ಹಾಗೆ ಔಷಧಿ ಹಾಕುವುದು, ಥಂಡಿ ತಾಗದ ಹಾಗೆ ಇಡುವುದು, ಬೇಸಿಗೆಯಲ್ಲಿ ಒಮ್ಮೆ ಎಲ್ಲ ಈಚೆ ತೆಗೆದು ಗಾಳಿಗೆ ಹರಡುವುದು, ಎಲ್ಲವನ್ನೂ ವಿವರಿಸಿದರು. ಕಾಫಿಯ ಮಟ್ಟಿಗೆ ಅದರಲ್ಲಿ ಒಂದಕ್ಷರವೂ ತಪ್ಪಿರಲಿಲ್ಲ. ಗಂಗಾಮಣಿ ತಲೆದೂಗಿದಳು.

“ಇಷ್ಟನ್ನೂ ಏನ್ ಮಾಡ್ತೀರಾ, ಮಾರ್ತೀರಾ?”

“ಎಲ್ಲ ಮಾರೋದಲ್ಲ. ಗೌರವ ಕಾಪಿ ಅಂತ ಇರ್ತವೆ. ಬೇಕಾದವ್ರಿಗೆ ಹಂಗೇ ಹಂಚೋದು.”

ಗಂಗಾಮಣಿ ಬೇಲಿಯಿಂದ ಮಾಯವಾದಳು. ಒಲೆಯ ಮೇಲಿನ ಅನ್ನ ಹಾಗೇ ಇತ್ತೆಂದು ಆಮೇಲೆ ತಿಳಿಯಿತು.

ಬಿಸಿಲೇರುವ ಹೊತ್ತಿಗೆ ಮಾರಮ್ಮ ಒಂದು ಬಿಸ್ಕತ್ತಿನ ಡಬ್ಬಿ ಹಿಡಿದು ಬಂದಳು. ಅವಳ ಹಿಂದೆ ಗುಂಡಯ್ಯ ಒಂದು ಬಟ್ಟೆ ಚೀಲ ಮಡಿಸಿ ಕಂಕುಳಲ್ಲಿಟ್ಟುಕೊಂಡು ನಿಂತಿದ್ದ. ಅವನ ಹಿಂದೆ ಇನ್ನೂ ಕೆಲವರು, ಒಬ್ಬೊಬ್ಬರ ಕೈಯಲ್ಲೂ ಏನಾದರೊಂದು. ಯಾರೂ ಬಾಯಿಬಿಟ್ಟು ಕೇಳಲಿಲ್ಲ, ಸುಮ್ಮನೆ ಮೂಟೆ ನೋಡುತ್ತ ನಿಂತರು. ದೇವೀರಮ್ಮನಿಗೆ ಏನೂ ಅರ್ಥವಾಗದೆ ಎಲ್ಲರಿಗೂ ಕಾಫಿ ಮಾಡಿ ಕೊಟ್ಟರು. ಕುಡಿದರು, ಲೋಟ ಕೆಳಗಿಟ್ಟರು, ಮತ್ತೆ ಮೂಟೆ ನೋಡಿದರು.

ಏಕಾಂತಯ್ಯನವರ ಎದೆ ಉಬ್ಬಿತು. ಪುಸ್ತಕಕ್ಕೆ ಇಷ್ಟು ಜನ! ಡಬ್ಬಿ ಯಾಕೆ ತಂದಿದ್ದಾರೆ ಎಂಬುದು ಮಾತ್ರ ಸ್ವಲ್ಪ ಗೊಂದಲ. ಹಳ್ಳಿಯ ಜನ, ಪುಸ್ತಕ ಮಾಸದಿರಲಿ ಅಂತ ಇರಬೇಕು ಎಂದುಕೊಂಡರು.

“ನೋಡ್ರಪ್ಪ, ಬಿಡುಗಡೆ ಆಗೋವರ್ಗೂ ಒಂದ್ ಕಾಪೀನೂ ಕೊಡೋ ಹಂಗಿಲ್ಲ,” ಎಂದರು. “ಸಾಯಂಕಾಲ ಸಕಲೇಶಪುರದಲ್ಲಿ ಬಿಡುಗಡೆ. ಎಲ್ರೂ ಬನ್ನಿ. ಕುಲಪತಿಗಳು ಬರ್ತಾರೆ.”

ಯಾವ ಕುಲದ ಪತಿ ಎಂದು ಗುಂಡಯ್ಯ ಕೇಳಿದ. ಎಲ್ಲ ಕುಲಕ್ಕೂ ಒಬ್ಬರೇ ಎಂದು ಇವರು ಹೇಳಿದರು. ಅಂಥವರೂ ಇರುತ್ತಾರೆಯೇ ಎಂದು ಜನ ಬಹಳ ಹೊತ್ತು ಯೋಚಿಸಿದರು. ಆದರೆ ಅದಕ್ಕಿಂತ ಹೆಚ್ಚು ತಲೆಗೆ ಹೋದದ್ದು ಬಿಡುಗಡೆ ಎಂಬ ಮಾತು. ಹಾಗಾದರೆ ಈ ಕಾಪಿ ಇನ್ನೂ ಬಿಡುಗಡೆಯಾಗದ ಕಾಪಿ. ಸರ್ಕಾರದ ಲೆಕ್ಕಕ್ಕೆ ಸಿಗದ ಕಾಪಿ. ಗಂಗಾಮಣಿ ಬಸ್‌ಸ್ಟಾಪಿನ ಚಹಾದಂಗಡಿಯ ಮುಂದೆ ನಿಂತು ಈ ಮಾತನ್ನು ಗುಟ್ಟಾಗಿ ಹೇಳಿದಳು. ಗಂಗಾಮಣಿಯ ಗುಟ್ಟು ಅಂದರೆ ರಸ್ತೆಯ ಆ ಬದಿಗೂ ಕೇಳುವಂಥದ್ದು. ಅಲ್ಲೇ ಚಹಾ ಕುಡಿಯುತ್ತಿದ್ದವರಲ್ಲಿ ಸ್ಕ್ವಾಡ್ ಜೀಪಿನ ಡ್ರೈವರೂ ಒಬ್ಬ.

ಮಧ್ಯಾಹ್ನ ಊಟ ಮುಗಿಸಿ ಏಕಾಂತಯ್ಯ, ದೇವೀರಮ್ಮ ಜೀಪು ಹತ್ತಿದರು. ಹಿಂದೆ ಆರು ಮೂಟೆ, ಮೂರು ಇವರದು, ಮೂರು ಲಿಂಗಪ್ಪನದು. ಎಲ್ಲ ಒಂದೇ ಸ್ಟೋರಿನ ಚೀಲವಾದ್ದರಿಂದ ಆರೂ ಅಣ್ಣತಮ್ಮಂದಿರ ಹಾಗೆ ಕಂಡವು. ಏಕಾಂತಯ್ಯ ಮದುವೆಯಲ್ಲಿ ಹೊಲಿಸಿದ ಕೋಟು ಹಾಕಿಕೊಂಡಿದ್ದರು. ದಾರಿಯುದ್ದಕ್ಕೂ ತಮ್ಮ ಭಾಷಣವನ್ನು ಬಾಯೊಳಗೇ ಒಪ್ಪಿಸುತ್ತಿದ್ದರು. ಲಿಂಗಪ್ಪ ಯಾಕೋ ಮತ್ತೆ ಮತ್ತೆ ಹಿಂದಿನ ಮೂಟೆಗಳ ಕಡೆ ತಿರುಗಿ ನೋಡುತ್ತ ಗಾಡಿ ಓಡಿಸುತ್ತಿದ್ದ.

ಬಾಳ್ಳುಪೇಟೆ ದಾಟಿ ಸ್ವಲ್ಪ ದೂರಕ್ಕೆ ಸ್ಕ್ವಾಡಿನ ಜೀಪು ರಸ್ತೆಗೆ ಅಡ್ಡ ನಿಂತಿತ್ತು. ದಪ್ಪ ಮೀಸೆಯ ಇನ್ಸ್‌ಪೆಕ್ಟರ್ ಒಬ್ಬ ಕೈ ಅಡ್ಡ ಹಿಡಿದ. ಲಿಂಗಪ್ಪನ ಮುಖದಲ್ಲಿ ಬೆವರು ಕಿತ್ತುಕೊಂಡು ಬಂತು. ತಂಪು ಹವೆಯಲ್ಲಿ ಇವನಿಗೇಕೆ ಬೆವರು, ಜ್ವರವೇನೋ ಎಂದು ದೇವೀರಮ್ಮ ಮರುಗಿದರು.

“ಮೂಟೇಲಿ ಏನಿದೆ?” ಇನ್ಸ್‌ಪೆಕ್ಟರ್ ಕೇಳಿದ.

ರಾಗಿ ಎಂದು ಹೇಳಲು ಲಿಂಗಪ್ಪ ಬಾಯಿ ತೆರೆಯುವ ಮೊದಲೇ ಏಕಾಂತಯ್ಯ ಕೋಟು ಸರಿಮಾಡಿಕೊಂಡು ಮುಂದೆ ಬಾಗಿದರು.

“ಕಾಪಿ ಸಾರ್.”

ಲಿಂಗಪ್ಪ ಸ್ಟೀರಿಂಗಿನ ಮೇಲೆ ತಲೆ ಇಟ್ಟ. ಇನ್ಸ್‌ಪೆಕ್ಟರಿಗೇ ಸ್ವಲ್ಪ ಗಾಬರಿಯಾಯಿತು. ಅವನ ಸರ್ವಿಸಿನಲ್ಲಿ ಇಷ್ಟು ಬೇಗ ಒಪ್ಪಿಕೊಂಡವರು ಯಾರೂ ಇರಲಿಲ್ಲ. ಪರ್ಮಿಟ್ ಇದೆಯೇ ಎಂದು ಕೇಳಿದ. ಯೂನಿವರ್ಸಿಟಿಯವರೇ ಪರ್ಮಿಷನ್ ಕೊಟ್ಟಿದ್ದಾರೆ ಎಂದರು ಇವರು. ಯೂನಿವರ್ಸಿಟಿ ಯಾವಾಗಿನಿಂದ ಕಾಫಿಗೆ ಪರ್ಮಿಟ್ ಕೊಡತೊಡಗಿತು ಎಂಬುದು ಅವನಿಗೆ ತಿಳಿಯಲಿಲ್ಲ. ಹೊಸ ಸುತ್ತೋಲೆ ಏನಾದರೂ ಬಂದಿದೆಯೋ ಎಂದು ಒಳಗೊಳಗೇ ಹೆದರಿದ.

“ಯಾವ ಜಾತಿ? ಅರೇಬಿಕಾನಾ, ರೋಬಸ್ಟಾನಾ?”

ಜಾತಿ ಎಂದರೆ ಬೈಂಡಿಂಗಿನ ಬಟ್ಟೆಯ ವಿಷಯ ಇರಬೇಕೆಂದು ಏಕಾಂತಯ್ಯ ತಿಳಿದರು. “ಮುಕ್ಕಾಲು ಪಾಲು ಸಾದಾ ಸಾರ್. ಉಳಿದದ್ದು ಕ್ಯಾಲಿಕೋ.”

“ಕ್ಯಾಟಿಮೋರ್ ಕೇಳಿದೀನಿ. ಇದ್ಯಾವುದು ಕ್ಯಾಲಿಕೋ, ಹೊಸ ತಳಿಯಾ?”

“ಹಳೇದೇ ಸಾರ್. ತುಂಬಾ ಬಾಳಿಕೆ. ಐವತ್ತು ವರ್ಷ ಆದ್ರೂ ಏನೂ ಆಗಲ್ಲ.”

ಇನ್ಸ್‌ಪೆಕ್ಟರ್ ಇನ್ನು ತಡೆಯಲಿಲ್ಲ. ಎಲ್ಲ ಮೂಟೆಗಳನ್ನೂ ಇಳಿಸಿ ಎಂದ. ಕಾನ್‌ಸ್ಟೇಬಲ್ಲುಗಳು ಆರನ್ನೂ ರಸ್ತೆ ಬದಿಯಲ್ಲಿ ಉರುಳಿಸಿದರು. ಕೈಗೆ ಸಿಕ್ಕಿದ ಒಂದರ ಹೊಲಿಗೆ ಕತ್ತರಿಸಿದರು. ಮೊದಲು ಹೊಟ್ಟು ಸುರಿಯಿತು, ಆಮೇಲೆ ಪುಸ್ತಕ ಬಿತ್ತು, ಮತ್ತೊಂದು ಬಿತ್ತು. ಇನ್ಸ್‌ಪೆಕ್ಟರ್ ಒಂದನ್ನು ಎತ್ತಿ, ತಿರುಗಿಸಿ, ಮೂಸಿ ನೋಡಿದ.

“ಇದು ಪುಸ್ತಕ.”

“ಮತ್ತೆ? ನನ್ ಕಾಪಿ ಸಾರ್. ಅದನ್ನೇ ಅಲ್ವಾ ಆಗ್ಲಿಂದ ಹೇಳ್ತಿರೋದು.”

ಅಲ್ಲಿಗೆ ಮುಗಿಯಬೇಕಿತ್ತು. ಆದರೆ ಇನ್ಸ್‌ಪೆಕ್ಟರ್ ಅನುಮಾನದ ಮನುಷ್ಯ, ಉಳಿದ ಐದು ಮೂಟೆಗಳ ಕಡೆ ಕೈ ಚಾಚಿದ. ಲಿಂಗಪ್ಪ ಕಣ್ಣು ಮುಚ್ಚಿದ. ಅಷ್ಟರಲ್ಲಿ ಏಕಾಂತಯ್ಯ, ತಮ್ಮ ಪುಸ್ತಕವನ್ನು ಕೈಯಲ್ಲಿ ಹಿಡಿದು ಪ್ರಶ್ನೆ ಕೇಳಿದ ಮೊದಲ ಮನುಷ್ಯ ಈತನೆಂಬ ಪ್ರೀತಿಯಿಂದ, ಅವನ ತೋಳು ಹಿಡಿದು ಒಂದನೆಯ ಅಧ್ಯಾಯ ಶುರುಮಾಡಿದರು. ಕುದುರೆ ಲಾಯ, ಎರಡು ಬೀರು, ಮೊದಲ ಗ್ರಂಥಪಾಲಕರ ಪೇಟ. ಎರಡನೆಯ ಅಧ್ಯಾಯದಲ್ಲಿ ಪುಸ್ತಕಗಳಿಗೆ ನಂಬರು ಹಾಕುವ ಪದ್ಧತಿ ಬಂತು. ಮೂರನೆಯದರಲ್ಲಿ ಆ ನಂಬರನ್ನು ಬದಲಾಯಿಸಿದರು. ನಾಲ್ಕನೆಯದಕ್ಕೆ ಬರುವಷ್ಟರಲ್ಲಿ ಇನ್ಸ್‌ಪೆಕ್ಟರ್ ಮುಖ ಬಾಡಿ, ಸಾಕು ಯಜಮಾನ್ರೇ, ಮೂಟೆ ಹಾಕಿಕೊಂಡು ಹೊರಡಿ ಎಂದು ಕೈಮುಗಿದ. ಕಾನ್‌ಸ್ಟೇಬಲ್ಲುಗಳು ಬಿಚ್ಚಿದ ಚೀಲದ ಬಾಯಿಯನ್ನು ಗೋಣಿದಾರದಿಂದ ಬಿಗಿದು, ಆರನ್ನೂ ಕೈಗೆ ಸಿಕ್ಕ ಹಾಗೆ ಜೀಪಿಗೆ ಎಸೆದರು.

ಒಂದು ಪುಸ್ತಕವನ್ನು ಮಾತ್ರ ಅವನು ಇಟ್ಟುಕೊಂಡ. ಹಿಡಿದ ಮಾಲಿನಲ್ಲಿ ಒಂದಿಷ್ಟು ಮಾದರಿ ತೆಗೆದುಕೊಳ್ಳುವುದು ಸ್ಕ್ವಾಡಿನ ನಿಯಮ. ಏಕಾಂತಯ್ಯ ಅದರ ಮೇಲೆ ‘ಪ್ರೀತಿಯಿಂದ’ ಎಂದು ಬರೆದು ಸಹಿ ಹಾಕಿ, ಸಾಯಂಕಾಲ ಬಿಡುಗಡೆಗೆ ಬರಬೇಕೆಂದು ಕರೆದರು. ಬಿಡುಗಡೆ ಎಂಬ ಮಾತು ಕೇಳಿ ಇನ್ಸ್‌ಪೆಕ್ಟರಿಗೆ ಬೆಳಿಗ್ಗೆ ಡ್ರೈವರ್ ತಂದ ಸುದ್ದಿ ಮತ್ತೆ ನೆನಪಾಯಿತು. ಬರುತ್ತೇನೆ ಎಂದ.

ಸಕಲೇಶಪುರ ಮುಟ್ಟುವಾಗ ತಡವಾಗಿಬಿಟ್ಟಿತ್ತು. ಕಾರ್ಯಕ್ರಮ ಏರ್ಪಡಿಸಿದ್ದ ಕನ್ನಡದ ಅಧ್ಯಾಪಕ ಗಣೇಶ್ ಮೇಷ್ಟ್ರು ಸಭಾಂಗಣದ ಬಾಗಿಲಲ್ಲಿ ಕೈ ಹಿಸುಕಿಕೊಳ್ಳುತ್ತ ನಿಂತಿದ್ದರು. ಕುಲಪತಿಗಳು ಆಗಲೇ ವೇದಿಕೆಯ ಮೇಲೆ ಕೂತು ಗಡಿಯಾರ ನೋಡುತ್ತಿದ್ದರು. ಪುಸ್ತಕಕ್ಕೆ ಬಣ್ಣದ ಕಾಗದ ಸುತ್ತಿ ದಾರ ಕಟ್ಟುವಷ್ಟು ಸಮಯವಿಲ್ಲ.

“ಮೂಟೇನೇ ಮೇಲಕ್ಕೆ ತರ್ಸಿ ಸಾರ್,” ಎಂದರು ಮೇಷ್ಟ್ರು. “ಒಂದು ಚೆಂಡುಹೂವಿನ ಹಾರ ಹಾಕಿ ನಿಲ್ಸೋಣ. ಕುಲಪತಿಗಳೇ ದಾರ ಬಿಚ್ಚಿ ಮೊದಲನೇ ಪ್ರತಿ ಈಚೆ ತೆಗೀಲಿ. ನಮ್ಮ ಕಡೆ ರೀತಿ ಅಂತ ಚೆನ್ನಾಗಿರುತ್ತೆ.”

ಲಿಂಗಪ್ಪ ಮೂರು ಮೂಟೆ ಇಳಿಸಿದ. ತನ್ನ ಮೂಟೆ ಯಾವುದು, ಇವರದು ಯಾವುದು ಎಂದು ಅವನು ಗುರುತು ಮಾಡಿದ್ದು ಜೀಪಿನಲ್ಲಿ ಇಟ್ಟ ಜಾಗದಿಂದ. ಎಡಗಡೆಯವು ಪುಸ್ತಕ, ಬಲಗಡೆಯವು ತನ್ನವು. ಸ್ಕ್ವಾಡಿನವರು ಜಾಗ ಬದಲಾಯಿಸಿದ್ದು ಭಯದಲ್ಲಿ ಅವನ ತಲೆಗೇ ಹೋಗಲಿಲ್ಲ. ಎಡಗಡೆಯ ಮೂರನ್ನು ಎಳೆದು ಹಾಕಿ, ಹಿಂದೆ ಸ್ಕ್ವಾಡಿನ ಜೀಪು ಬರುತ್ತಿರುವುದು ಕಂಡು, ಮಾರನಹಳ್ಳಿಯ ಕಡೆ ದೂಳೆಬ್ಬಿಸಿಕೊಂಡು ಹೋದ.

ಏಕಾಂತಯ್ಯ ವೇದಿಕೆ ಹತ್ತಿ ಎದುರಿಗೆ ನೋಡಿದರು. ಪಾಳ್ಯಕ್ಕೆ ಪಾಳ್ಯವೇ ಬಂದು ಕೂತಿತ್ತು. ಗಂಗಾಮಣಿ ಮುಂದಿನ ಸಾಲಿನಲ್ಲಿ, ಮಡಿಲಲ್ಲಿ ಚೀಲ. ಮಾರಮ್ಮನ ತೊಡೆಯ ಮೇಲೆ ಬಿಸ್ಕತ್ತಿನ ಡಬ್ಬಿ. ಗುಂಡಯ್ಯ ನೆಂಟರನ್ನೂ ಕರೆತಂದಿದ್ದ. ಈ ಜನ ತನ್ನ ಪುಸ್ತಕಕ್ಕಾಗಿ ಬಸ್ಸು ಹತ್ತಿ ಬಂದಿದ್ದಾರೆ. ಮೂವತ್ತು ವರ್ಷ ಕರ್ಪೂರ ಕೇಳಿದ ಜನ. ಅವರಿಗೆ ಅಲ್ಲೇ ಅಳು ಬಂತು, ಕೋಟಿನ ತೋಳಿನಿಂದ ಒರೆಸಿಕೊಂಡರು. ದೇವೀರಮ್ಮ ಕೆಳಗಿನಿಂದ ಅಳಬೇಡಿ ಎಂದು ಕೈಸನ್ನೆ ಮಾಡಿದರು. ಹಿಂದಿನ ಸಾಲಿನಲ್ಲಿ ಇನ್ಸ್‌ಪೆಕ್ಟರ್ ತನ್ನ ಮಾದರಿಯನ್ನು ಕೈಯಲ್ಲಿ ಹಿಡಿದು ಕೂತಿದ್ದ.

ಕುಲಪತಿಗಳು ಚುಟುಕಾಗಿ ಮಾತಾಡಿದರು. ಗ್ರಂಥಾಲಯವೆಂದರೆ ಬರೀ ಕಟ್ಟಡವಲ್ಲ, ಅದು ಜ್ಞಾನದ ಕಣಜ, ಅಲ್ಲಿಯ ಒಂದೊಂದು ಗ್ರಂಥವೂ ಬಿತ್ತಿದರೆ ಬೆಳೆಯುವ ಒಂದೊಂದು ಬೀಜ ಎಂದರು. ಬೀಜ ಎಂಬ ಮಾತಿಗೆ ಪಾಳ್ಯದವರು ಜೋರಾಗಿ ಚಪ್ಪಾಳೆ ತಟ್ಟಿದರು. ಆಮೇಲೆ ಅವರು ಹಾರ ಹಾಕಿದ ಮೂಟೆಯ ಹತ್ತಿರ ಬಂದು ದಾರ ಎಳೆದರು. ಮೂಟೆ ಒಂದು ಕಡೆಗೆ ವಾಲಿತು.

ಸರ್ರನೆ ಕಾಫಿ ಬೀಜ ಸುರಿಯಿತು. ಕುಲಪತಿಗಳ ಬೂಟಿನ ಮೇಲೆ ಸುರಿಯಿತು, ಮೆಟ್ಟಿಲ ಮೇಲೆ ಹರಿಯಿತು, ಒಂದಿಷ್ಟು ಉರುಳಿಕೊಂಡು ಮುಂದಿನ ಸಾಲಿನ ಗಂಗಾಮಣಿಯ ಕಾಲ ಹತ್ತಿರ ನಿಂತಿತು. ಒಳ್ಳೆಯ ಬೀಜ, ಸಿಪ್ಪೆ ತೆಗೆದು ಆರಿಸಿದ ಬೀಜ.

ಏಕಾಂತಯ್ಯ ಮೂಟೆಯೊಳಗೆ ಕೈ ಹಾಕಿ ತಳದವರೆಗೆ ತಡಕಿದರು. ಕಾಫಿ. ಎರಡನೆಯ ಮೂಟೆ ಬಿಚ್ಚಿದರು. ಕಾಫಿ. ಮೂರನೆಯದನ್ನೂ ಬಿಚ್ಚಿದರು. ಅದೂ ಕಾಫಿ. ತನ್ನ ಪುಸ್ತಕ ಎಲ್ಲಿ, ಇದು ಎಲ್ಲಿಂದ ಬಂತು, ಒಂದೂ ಅರ್ಥವಾಗಲಿಲ್ಲ. ಬೆಳಗಿನಿಂದ ಕಾಪಿ ಕಾಪಿ ಎಂದದ್ದಕ್ಕೆ ದೇವರೇ ಏನಾದರೂ ತಪ್ಪು ತಿಳಿದನೋ ಎಂದೂ ಒಂದು ಕ್ಷಣ ಅನ್ನಿಸಿತು. ಎದುರಿಗೆ ನೋಡಿದರೆ ಇನ್ಸ್‌ಪೆಕ್ಟರ್ ಮೀಸೆ ನೀವುತ್ತ ವೇದಿಕೆಯ ಕಡೆಗೆ ನಡೆದುಬರುತ್ತಿದ್ದ.

ಇಷ್ಟರಲ್ಲಿ ಕುಲಪತಿಗಳ ಮುಖ ಅರಳಿತು. ದೊಡ್ಡ ವಿದ್ವಾಂಸರು, ಕಣ್ಣೆದುರು ಏನಾದರೂ ನಡೆದರೆ ಅದಕ್ಕೊಂದು ಅರ್ಥ ಹಚ್ಚದೆ ಬಿಡುವವರಲ್ಲ. ಬೊಗಸೆ ತುಂಬ ಬೀಜ ಎತ್ತಿ ಸಭೆಗೆ ತೋರಿಸಿದರು.

“ನಾನು ಬರೀ ಮಾತಿನಲ್ಲಿ ಕಣಜ ಎಂದೆ. ಏಕಾಂತಯ್ಯನವರು ಅದನ್ನು ಮಾಡಿ ತೋರಿಸಿದ್ದಾರೆ. ನಾನು ಎಷ್ಟೋ ಬಿಡುಗಡೆ ಮಾಡಿದ್ದೇನೆ, ಇಂಥದ್ದನ್ನು ಕಂಡಿಲ್ಲ.”

ಅಷ್ಟು ಹೊತ್ತಿಗೆ ಇನ್ಸ್‌ಪೆಕ್ಟರ್ ಮೆಟ್ಟಿಲು ಹತ್ತಿದ್ದ. ಕುಲಪತಿಗಳು ಅವನ ಕೈಯಲ್ಲಿದ್ದ ಪುಸ್ತಕ ನೋಡಿದರು. ಪುಸ್ತಕ ತಂದುಕೊಡಲೆಂದೇ ಈ ಮೀಸೆಯವನನ್ನು ನಿಲ್ಲಿಸಿದ್ದಾರೆಂದು ತಿಳಿದು, ಅದನ್ನು ಕಿತ್ತುಕೊಂಡು, ಮೇಲೆ ಬೊಗಸೆ ಬೀಜ ಸುರಿದು, ಎತ್ತಿ ಹಿಡಿದು ಲೋಕಾರ್ಪಣೆಯಾಯಿತು ಎಂದು ಘೋಷಿಸಿದರು.

ಗಂಗಾಮಣಿ ಎದ್ದು ನಿಂತು ಮೇಷ್ಟ್ರನ್ನು ಕೇಳಿದಳು, “ಬಿಡುಗಡೆ ಆಯ್ತಾ?”

“ಆಯ್ತಮ್ಮ.”

ಅಷ್ಟೇ ಸಾಕಾಗಿತ್ತು. ಡಬ್ಬಿ, ಚೀಲ, ಸೆರಗು, ಟವಲು, ಎಲ್ಲ ಒಟ್ಟಿಗೆ ವೇದಿಕೆಗೆ ನುಗ್ಗಿದವು. ಗೌರವ ಕಾಪಿ ಗೌರವ ಕಾಪಿ ಎನ್ನುತ್ತ ಗುಂಡಯ್ಯ ತನ್ನ ನೆಂಟರಿಗೆ ಜಾಗ ಮಾಡಿಸಿದ. ಕುಲಪತಿಗಳ ಡ್ರೈವರೂ ಕರವಸ್ತ್ರ ಹಾಸಿದ. ಇನ್ಸ್‌ಪೆಕ್ಟರ್ ಮೂಟೆಗೆ ಅಡ್ಡ ನಿಂತು, ಇದು ಜಪ್ತಿ ಮಾಲು, ಯಾರೂ ಮುಟ್ಟಬಾರದು ಎಂದು ಕೂಗಿದ. ಚಪ್ಪಾಳೆಯಲ್ಲಿ ಯಾರಿಗೂ ಕೇಳಲಿಲ್ಲ. ಅವನ ಕಾನ್‌ಸ್ಟೇಬಲ್ಲುಗಳೇ ಟೋಪಿ ಕೈಗೆ ತೆಗೆದುಕೊಂಡಿದ್ದರು. ಗಲಾಟೆ ಇಳಿಯುವಷ್ಟರಲ್ಲಿ ಮೂರು ಮೂಟೆ ಬಟ್ಟಬರಿದಾಗಿ ಮಲಗಿದ್ದವು.

ಹೊರಡುವ ಅವಸರದಲ್ಲಿದ್ದ ಕುಲಪತಿಗಳು ಏಕಾಂತಯ್ಯನವರ ಬೆನ್ನು ತಟ್ಟಿದರು. ಈ ಒಂದು ಪ್ರತಿಯನ್ನು ತಾವೇ ಒಯ್ದು ವಿದ್ಯಾನಿಲಯದ ಗ್ರಂಥಾಲಯಕ್ಕೆ ಕೊಡುವುದಾಗಿ ಹೇಳಿದರು. ಅದನ್ನು ಕೇಳಿ ಏಕಾಂತಯ್ಯನವರಿಗೆ ಇಷ್ಟಾದರೂ ಉಳಿಯಿತಲ್ಲ ಎಂದು ಜೀವ ಬಂತು. ತನ್ನ ಪುಸ್ತಕ ತಾನು ದೂಳು ಒರೆಸಿದ ಬೀರುವಿನಲ್ಲಿ ಇರುತ್ತದೆ, ಬೇರೆ ಏನು ಬೇಕು?

ಇನ್ಸ್‌ಪೆಕ್ಟರ್ ಮುಂದೆ ಬಂದು ಪುಸ್ತಕವನ್ನು ನಯವಾಗಿ ಕುಲಪತಿಗಳ ಕೈಯಿಂದ ಬಿಡಿಸಿಕೊಂಡ.

“ಕ್ಷಮಿಸಬೇಕು ಸಾರ್. ಕಾಫಿ ಎಲ್ಲಾ ಹೋಯ್ತು. ಈ ಕೇಸಿನಲ್ಲಿ ನನ್ನ ಹತ್ರ ಉಳಿದಿರೋ ಮಾದರಿ ಇದೊಂದೇ. ವಿಚಾರಣೆ ಮುಗಿಯೋವರೆಗೂ ಇದನ್ನ ಬಿಡುಗಡೆ ಮಾಡೋ ಹಾಗಿಲ್ಲ.”

ಯಾವ ಕೇಸು ಎಂಬುದು ಕುಲಪತಿಗಳಿಗೆ ತಿಳಿಯಲಿಲ್ಲ, ತಿಳಿಯುವಷ್ಟು ಸಮಯವೂ ಇರಲಿಲ್ಲ. ಹಾಗಾದರೆ ಬೇರೆ ಪ್ರತಿ ಅಂಚೆಯಲ್ಲಿ ಕಳಿಸಿ ಎಂದು ಹೇಳಿ ಕಾರು ಹತ್ತಿದರು. ಕಾರು ಘಾಟಿಯ ಕಡೆಗೆ ತಿರುಗಿತು.

ಖಾಲಿ ಸಭಾಂಗಣದಲ್ಲಿ ಇನ್ಸ್‌ಪೆಕ್ಟರ್ ಏಕಾಂತಯ್ಯನವರ ಎದುರು ನಿಂತ. “ಈಗ ಹೇಳಿ ಯಜಮಾನ್ರೇ. ಈ ಕಾಫಿ ಯಾರದ್ದು?”

ಅದೇ ಹೊತ್ತಿಗೆ ಲಿಂಗಪ್ಪ ಮಾರನಹಳ್ಳಿಯಿಂದ ವಾಪಸು ಬಂದು ಬಾಗಿಲಲ್ಲಿ ಕಾಣಿಸಿಕೊಂಡ. ನೆಲದ ಮೇಲೆ ಅಲ್ಲೊಂದು ಇಲ್ಲೊಂದು ಬಿದ್ದ ಬೀಜ ನೋಡಿದ, ಬರಿದಾದ ತನ್ನ ಚೀಲ ನೋಡಿದ. ಮುಖ ಸುಣ್ಣದ ಹಾಗಾಯಿತು. ಗಂಗಾಮಣಿ ಗಂಡನ ಹತ್ತಿರ ಓಡಿಹೋಗಿ ಚೀಲದ ಬಾಯಿ ಅಗಲಿಸಿ ತೋರಿಸಿದಳು. “ನೋಡ್ರಿ, ಮುಂದ್ಗಡೆ ಕೂತಿದ್ದಕ್ಕೆ ಎರಡು ಸೇರು ಸಿಕ್ತು. ನಮ್ ತೋಟದ್ ಬೀಜಕ್ಕಿಂತ ಎಷ್ಟ್ ಚೆಂದಾಗೈತೆ.”

ಏಕಾಂತಯ್ಯನವರಿಗೆ ಆಗ ಎಲ್ಲ ಒಮ್ಮೆಗೇ ಹೊಳೆಯಿತು. ಬೆಳಗಿನ ಉಪಕಾರ, ಹೊಟ್ಟು, ಬೆವರು, ಅಕ್ಕನ ಮನೆಯ ರಾಗಿ. ಸಿಟ್ಟು ನೆತ್ತಿಗೇರಿತು. ಒಂದು ಮಾತು ಸಾಕಿತ್ತು, ಅವನನ್ನು ಅಲ್ಲೇ ಹಿಡಿಸಿಕೊಡಬಹುದಿತ್ತು. ಆದರೆ ಗಂಗಾಮಣಿ ಚೀಲ ಅಪ್ಪಿಕೊಂಡು ನಗುತ್ತಿದ್ದಳು. ಆ ಮುಖ ನೋಡಿ ಆ ಮಾತನ್ನು ನುಂಗಿಕೊಂಡರು.

“ಗೊತ್ತಿಲ್ಲ ಸಾರ್,” ಎಂದರು. “ನನ್ ಕಾಪಿ ಅಂತೂ ಅಲ್ಲ.”

ಇನ್ಸ್‌ಪೆಕ್ಟರ್ ವಾರಕ್ಕೊಮ್ಮೆ ಆಫೀಸಿಗೆ ಬಂದು ಮುಖ ತೋರಿಸಬೇಕೆಂದು ಹೇಳಿ, ಪುಸ್ತಕವನ್ನು ಬಟ್ಟೆಯಲ್ಲಿ ಸುತ್ತಿ ಅರಗಿನ ಮುದ್ರೆ ಹಾಕಿಸಿಕೊಂಡು ಹೋದ.

ಅವನು ಹೋದ ಮೇಲೆ ಏಕಾಂತಯ್ಯ ಲಿಂಗಪ್ಪನನ್ನು ಕಂಬದ ಮರೆಗೆ ಕರೆದರು. “ನನ್ ಪುಸ್ತಕ ಎಲ್ಲಯ್ಯಾ?”

“ಮಾರನಹಳ್ಳೀಲಿ ಕಾಯ್ತಿದ್ದ ಲಾರಿಯೋನು ಮೂಟೆ ನೋಡ್ಲೂ ಇಲ್ಲ, ಎತ್ತಾಕ್ಕಂಡು ಹೋಗ್ಬುಟ್ಟ,” ಎಂದ ಲಿಂಗಪ್ಪ ಅಳುವ ದನಿಯಲ್ಲಿ. “ಇಷ್ಟೊತ್ಗೆ ಘಾಟಿ ಇಳ್ದಿರ್ತವೆ. ಎಲ್ಲೀಗೆ ಅಂತ ನಂಗೂ ಹೇಳಿಲ್ಲ ಕಣ್ರೀ.”

ಪ್ರಸಾರಾಂಗದ ಪುಸ್ತಕ, ಎಲ್ಲೂ ಸಿಗುವುದಿಲ್ಲ ಎಂಬ ಮಾತು ನಿಜವಾಯಿತು.

ಅದೇ ಜೀಪಿನಲ್ಲಿ ಪಾಳ್ಯಕ್ಕೆ ಹೊರಟರು. ಲಿಂಗಪ್ಪ ರಸ್ತೆ ನೋಡುತ್ತಿದ್ದ. ದೇವೀರಮ್ಮ ಗಂಡನ ಕೋಟಿನ ಜೇಬಿನಲ್ಲಿ ಸಿಕ್ಕಿಕೊಂಡಿದ್ದ ಬೀಜಗಳನ್ನು ಒಂದೊಂದಾಗಿ ಹೆಕ್ಕಿ ತೆಗೆಯುತ್ತಿದ್ದರು. ಮಾತಾಡುತ್ತಿದ್ದವಳು ಗಂಗಾಮಣಿ ಒಬ್ಬಳೇ. ಬಾಳ್ಳುಪೇಟೆ ದಾಟಿದ ಮೇಲೆ ಅವಳ ದನಿ ಮೆತ್ತಗಾಯಿತು.

“ಏಕಾಂತಣ್ಣ, ಬೇಜಾರ್ ಮಾಡ್ಕಬ್ಯಾಡಿ. ನಾವು ಇಷ್ಟು ವರ್ಷ ನಿಮ್ಮನ್ನ ತಪ್ಪು ತಿಳ್ಕಂಡಿದ್ವಿ. ನೀವು ಗ್ರಂದಿಗೆ ಅಂಗ್ಡೀಲಿ ಇರ್ಲಿಲ್ಲ ಅಂತ ಇವತ್ತು ಊರಿಗೆಲ್ಲ ಗೊತ್ತಾಯ್ತು.”

ಏಕಾಂತಯ್ಯ ಮೆಲ್ಲಗೆ ತಲೆ ಎತ್ತಿದರು. ಪುಸ್ತಕ ಹೋಗಿತ್ತು, ಕೇಸು ಬಿದ್ದಿತ್ತು, ಆದರೂ ಎದೆಯೊಳಗಿನ ಹಳೇ ನೋವು ಸ್ವಲ್ಪ ಸಡಿಲವಾದ ಹಾಗೆ ಅನ್ನಿಸಿತು. “ಗೊತ್ತಾಯ್ತಾ ಅಮ್ಮ?” ಎಂದರು.

“ಹೂಂ ಮತ್ತೆ. ಕಾಪಿ ಅಂಗ್ಡೀಲಿ ಇದ್ರಂತೆ, ಅಷ್ಟ್ ದೊಡ್ಡೋರೇ ಬಂದು ಹೊಗಳಿ ಹೋದ್ರಲ್ಲ,” ಎಂದಳು ಗಂಗಾಮಣಿ. “ಒಂದೇ ಒಂದು ಕೇಳ್ಕಂತೀನಿ. ಈ ಬೀಜಾನೆಲ್ಲ ಹುರ್ದು ಕುಟ್ಟಾದು ಯಾರು? ಮುಂದಿನ್ ಸಲ ಪುಡೀನೇ ಬಿಡುಗಡೆ ಮಾಡ್ಬುಡಿ.”